ಕಪ್ ಪಂದ್ಯದ ಕೀಪರ್

"ಸುಳ್ಳು! ಶುದ್ಧ ಸುಳ್ಳು!"

ಫಿಲಿಪಾ ಕೂಗಿದ ರಭಸಕ್ಕೆ ಶಾಲೆಯ ಅಂಗಳದಲ್ಲಿ ಹಗ್ಗದಾಟ ಆಡುತ್ತಿದ್ದ ಹುಡುಗಿಯರೆಲ್ಲ ನಿಂತು ನೋಡಿದರು.

"ನಾನ್ಯಾಕೆ ಸುಳ್ಳು ಹೇಳ್ಲಿ?" ಗಾಸ್ಪರ್ ಬಾಯಲ್ಲಿದ್ದ ಬ್ರೆಡ್ಡು ನುಂಗಿಕೊಂಡು ಹೇಳಿದ. "ನಮ್ಮ ಕೆಫೆಗೆ ಕಾಫಿ ಕುಡಿಯೋಕೆ ಬಂದಿದ್ರಲ್ಲ, ಕ್ಲಬ್ಬಿನೋರು, ಅವ್ರೇ ಅಂದಿದ್ದು. ಭಾನುವಾರ ಫೈನಲ್ಲಿಗೆ ಟೆಲ್ಮು ಕೀಪರ್. ನಿಮ್ಮಪ್ಪ ಬೆಂಚು."

"ಕಪ್ ಮ್ಯಾಚೆಲ್ಲ ನಮ್ಮಪ್ಪಂದೇ! ಯಾವಾಗ್ಲೂ ನಮ್ಮಪ್ಪಂದೇ!"

"ಆಗ ಹಂಗಿತ್ತು, ಈಗಿಲ್ಲ. ನಿಮ್ಮಪ್ಪಂಗೆ ವಯಸ್ಸಾಯ್ತಂತೆ. ಫೈನಲ್ಲಲ್ಲಿ ಕೋಳಿ ನುಂಗಿಬಿಟ್ರೆ ಏನ್ ಗತಿ?" ಎಂದವನೇ ಗಾಸ್ಪರ್ ಎರಡೂ ಮೊಣಕೈ ಬಡಿಯುತ್ತ "ಕೊಕ್ ಕೊಕ್ ಕೊಕ್" ಎಂದು ಸುತ್ತು ಹಾಕಿದ.

ಕೈಗೆ ಬಂದ ಚೆಂಡನ್ನು ಗೋಲ್‌ಕೀಪರ್ ಪೆದ್ದುಪೆದ್ದಾಗಿ ಬಿಟ್ಟರೆ, ಅವನು ಕೋಳಿ ನುಂಗಿದ ಎನ್ನುವುದು ಪೋರ್ಚುಗಲ್ಲಿನ ಬೀದಿ ಬೀದಿಯ ಮಾತು. ಕೀಪರನ ಮಗಳಿಗೆ ಇದಕ್ಕಿಂತ ದೊಡ್ಡ ಬೈಗುಳ ಬೇಕೆ? ಫಿಲಿಪಾ ಅವನನ್ನು ತಳ್ಳಿಬಿಟ್ಟಳು. ಗಾಸ್ಪರ್ ಬಿದ್ದ, ಅವನ ಬ್ರೆಡ್ಡೂ ಬಿತ್ತು. ಟೀಚರ್ ಬಂದು ಫಿಲಿಪಾಳನ್ನೇ ಬೈದರು. ಅವಳಿಗೆ ಬೈಗುಳ ಕೇಳಿಸಲೇ ಇಲ್ಲ. ಅಪ್ಪ ಬೆಂಚು, ಅಪ್ಪ ಬೆಂಚು ಎಂಬುದೊಂದೇ ಕಿವಿಯಲ್ಲಿ ಗುಂಯ್‌ಗುಡುತ್ತಿತ್ತು.

ಫಿಲಿಪಾಳ ಅಪ್ಪ ಅಡೆಲಿನು, ಗಾರ್ಸಾ ಎಂಬ ಅವರ ಊರಿನ ಕ್ಲಬ್ಬಿನ ಎರಡನೇ ಗೋಲ್‌ಕೀಪರ್. ವರ್ಷವಿಡೀ ನಡೆಯುವ ಲೀಗ್ ಪಂದ್ಯಗಳಲ್ಲಿ ಆಡುವವನು ಹುಡುಗ ಟೆಲ್ಮು. ಅಡೆಲಿನು ಬೆಂಚು ಬಿಸಿ ಮಾಡುತ್ತ ಕೂರಬೇಕು. ಆದರೆ ಕಪ್ ಪಂದ್ಯ ಬಂದರೆ ಎರಡನೆಯವನಿಗೆ ಬಿಟ್ಟುಕೊಡುವುದು ವಾಡಿಕೆ. ಕೆಳಗಿನ ದರ್ಜೆಯ ಪುಟ್ಟ ಕ್ಲಬ್ಬು ಕಪ್ಪಿನಲ್ಲಿ ಒಂದೆರಡು ಸುತ್ತು ಆಡಿ, ಸೋತು, ಮನೆಗೆ ಬರುತ್ತದೆ. ಅಷ್ಟಕ್ಕೆ ಯಾರು ಆಡಿದರೇನು ಎಂದು ಎಲ್ಲರ ಲೆಕ್ಕ.

ಈ ವರ್ಷ ಲೆಕ್ಕ ತಪ್ಪಿತು. ಗಾರ್ಸಾ ಸೋಲಲೇ ಇಲ್ಲ. ಕೆಸರಿನ ಮೈದಾನದಲ್ಲಿ ಮೇಲಿನ ದರ್ಜೆಯವರನ್ನು ಪೆನಾಲ್ಟಿಯಲ್ಲಿ ಸೋಲಿಸಿತು. ಒಬ್ಬನಿಗೆ ರೆಡ್ ಕಾರ್ಡ್ ಸಿಕ್ಕಿ ಆಟಗಾರರು ಕಡಿಮೆಯಾದಾಗಲೂ ಗೆದ್ದಿತು. ಸೆಮಿಫೈನಲ್ಲಿನಲ್ಲಂತೂ ಅಡೆಲಿನು ಕೊನೆಯ ಪೆನಾಲ್ಟಿಯನ್ನು ಕಾಲಿನಿಂದ ಒದ್ದು ಹೊರಗಟ್ಟಿದ್ದ. ಶೂ ಕಾರ್ಖಾನೆಗಳ ಆ ಸಣ್ಣ ಊರಿಗೆ ಊರೇ ಬೀದಿಗೆ ಬಂದು ಕುಣಿದಿತ್ತು.

ಅಡೆಲಿನುವಿಗೆ ಬೆಳಗ್ಗೆ ಬೇಕರಿಯ ಕೆಲಸ. ವ್ಯಾನಿನಲ್ಲಿ ಹೋಗಿ ಮನೆಮನೆಯ ಬಾಗಿಲ ಹಿಡಿಗೆ ನೇತುಹಾಕಿದ ಚೀಲದೊಳಗೆ ಬಿಸಿ ಬ್ರೆಡ್ಡು ಇಟ್ಟು ಬರಬೇಕು. ಸೆಮಿಫೈನಲ್ ಆದ ಮರುದಿನ ಆ ಚೀಲಗಳು ಖಾಲಿ ಇರಲಿಲ್ಲ. ಒಂದರಲ್ಲಿ ಕಿತ್ತಳೆ, ಒಂದರಲ್ಲಿ ಎಲೆಕೋಸು. ದೋನಾ ಎರ್ಮಿನಿಯಾ ಅಜ್ಜಿಯ ಚೀಲದಲ್ಲಿ ಹುಲ್ಲು ಹಾಸಿ ಇಟ್ಟ ಮೊಟ್ಟೆಗಳು. ಬ್ರೆಡ್ಡು ಕೊಡಲು ಹೋದ ಅಪ್ಪ ವ್ಯಾನು ತುಂಬ ತರಕಾರಿ ಹೇರಿಕೊಂಡು ಬಂದಿದ್ದ. "ಸಂತೆ ಮಾಡ್ಕೊಂಡ್ ಬಂದ್ಯಾ?" ಎಂದು ಅಮ್ಮ ನಕ್ಕಿದ್ದೇ ನಕ್ಕಿದ್ದು.

ಅಂಥ ಅಪ್ಪನನ್ನು ಬೆಂಚಿನಲ್ಲಿ ಕೂರಿಸುತ್ತಾರೆಯೇ?

ಫಿಲಿಪಾ ಓಡುತ್ತ ಮನೆಗೆ ಬಂದಾಗ ಅಪ್ಪ ಹಿತ್ತಿಲ ಕಲ್ಲಿನ ತೊಟ್ಟಿಯಲ್ಲಿ ಗ್ಲೌಸ್ ತೊಳೆಯುತ್ತಿದ್ದ. ಪ್ರತಿ ಪಂದ್ಯಕ್ಕೂ ಮುಂಚೆ ಅವನು ತೊಳೆಯುತ್ತಿದ್ದ. ಅದನ್ನು ಕಂಡು ಅವಳಿಗೆ ಒಂದು ಕ್ಷಣ ಜೀವ ಬಂತು.

"ಅಪ್ಪಾ, ಗಾಸ್ಪರ್ ಸುಳ್ಳು ಹೇಳ್ದ ಅಲ್ವಾ? ಭಾನುವಾರ ನೀನೇ ಅಲ್ವಾ?"

ಅಪ್ಪ ಬೆರಳು ಬೆರಳನ್ನೂ ಹಿಂಡಿ ನೀರು ತೆಗೆದ. "ಇಲ್ಲ ಪುಟ್ಟಿ. ಟೆಲ್ಮು ಆಡ್ತಾನೆ. ಮಿಸ್ಟರ್ ನಿನ್ನೆ ಕರೆದು ಹೇಳಿದ್ರು." ಕೋಚನ್ನು ಕ್ಲಬ್ಬಿನಲ್ಲಿ ಎಲ್ಲರೂ ಮಿಸ್ಟರ್ ಎಂದೇ ಕರೆಯುವುದು.

"ನೀನೇನಂದೆ?"

"ಸರಿ ಮಿಸ್ಟರ್, ಅಂದೆ."

"ಅಷ್ಟೇನಾ? ಜಗಳ ಆಡ್ಲಿಲ್ವಾ? ಇದು ನಿನ್ನ ಕಪ್ಪು, ನೀನೇ ಗೆದ್ಕೊಟ್ಟಿದ್ದು ಅನ್ಲಿಲ್ವಾ?"

"ಅಂದಿದ್ರೆ ಬೆಂಚೂ ಸಿಗ್ತಿರ್ಲಿಲ್ಲ ಕಣೆ," ಎಂದು ಅಪ್ಪ ನಗಲು ಹೋದ. ನಗು ಅರ್ಧಕ್ಕೇ ನಿಂತಿತು.

"ಮತ್ತೆ ಮುಂದಿನ ವರ್ಷ?"

"ಮುಂದಿನ ವರ್ಷ ನಾನಿರಲ್ಲ. ಮಂಡಿ ನೋವು ಜಾಸ್ತಿ ಆಗಿದೆ. ಇದೇ ಕೊನೇದು ಅಂತ ಮಿಸ್ಟರಿಗೂ ಗೊತ್ತು."

ಅಪ್ಪ ಗ್ಲೌಸನ್ನು ತಂತಿಗೆ ಸಿಕ್ಕಿಸಿ ಒಳಗೆ ಹೋದ. ಆಡುವುದಿಲ್ಲ ಎಂದ ಮೇಲೂ ಯಾಕೆ ತೊಳೆದ ಎಂದು ಫಿಲಿಪಾ ಕೇಳಲಿಲ್ಲ. ಅಲ್ಲೇ ತೊಟ್ಟಿಯ ಪಕ್ಕ ಕುಕ್ಕರಗಾಲಲ್ಲಿ ಕೂತು ಅತ್ತಳು.

ಸಂಜೆ ಬಾಗಿಲು ಬಡಿದದ್ದು ಟೆಲ್ಮು. ಅವನ ಊರು ದೂರದ ದ್ವೀಪದಲ್ಲಿ, ಇಲ್ಲಿ ಅವನಿಗೆ ತನ್ನವರೆಂದು ಯಾರೂ ಇಲ್ಲ. ಅಮ್ಮ ವಾರವಾರವೂ ಅವನನ್ನು ಊಟಕ್ಕೆ ಕರೆಯುತ್ತಿದ್ದಳು. ಊಟವಾದ ಮೇಲೆ ಹಾಸಿಗೆಯ ಮೇಲೆ ಹಾರಿ ಚೆಂಡು ಹಿಡಿಯುವುದನ್ನು ಫಿಲಿಪಾಳಿಗೆ ಹೇಳಿಕೊಟ್ಟವನೂ ಅವನೇ. ಇವತ್ತು ಅವನು ಹೊಸಿಲ ಆಚೆಯೇ ನಿಂತಿದ್ದ. ಕೈಯಲ್ಲಿ ಅವನ ಅಮ್ಮ ದ್ವೀಪದಿಂದ ಕಳಿಸಿದ್ದ ಅನಾನಸ್ ಹಣ್ಣು.

"ಅಣ್ಣಾ, ನಾನಾಗಿ ಕೇಳ್ಲಿಲ್ಲ. ದೇವರಾಣೆ ಕೇಳ್ಲಿಲ್ಲ," ಎಂದ. ಅವನ ಕಣ್ಣು ಕೆಂಪಗಿತ್ತು.

"ಗೊತ್ತು ಕಣೋ. ಒಳಗೆ ಬಾ," ಎಂದ ಅಪ್ಪ.

ಫಿಲಿಪಾಳಿಗೆ ಮೈಯೆಲ್ಲ ಉರಿದುಹೋಯಿತು. "ಬರ್ಬೇಡ! ನೀನು ಕೋಳಿ ನುಂಗ್ಬೇಕು! ಭಾನುವಾರ ಎಲ್ಲರ ಮುಂದೆ ನುಂಗ್ಬೇಕು!"

ಅಮ್ಮನ ಕೈಯಲ್ಲಿದ್ದ ಸೌಟು ಹಾಗೇ ನಿಂತಿತು. ಟೆಲ್ಮು ತಲೆ ತಗ್ಗಿಸಿದ. ಈಗ ಅಪ್ಪ ಬೈಯುತ್ತಾನೆ, ಬೈಯಲಿ, ತಾನೂ ತಿರುಗಿ ಕೂಗುತ್ತೇನೆ ಎಂದು ಫಿಲಿಪಾ ಕಾದಳು. ಅಪ್ಪ ಬೈಯಲಿಲ್ಲ.

"ಒಂದು ತಟ್ಟೆ ತಗೊಂಡ್ ಬಾ ಪುಟ್ಟಿ," ಎಂದ. "ಟೆಲ್ಮು ಊಟ ಮಾಡ್ತಾನೆ."

ಅವಳು ತಟ್ಟೆ ತಂದಿಟ್ಟಳು. ತಾನು ಉಣ್ಣಲಿಲ್ಲ.

ಭಾನುವಾರ ಗಾರ್ಸಾದ ಊರಿಗೆ ಊರೇ ಬಸ್ಸು ಹತ್ತಿ ಲಿಸ್ಬನ್ನಿನ ಅಂಚಿನ ಕಾಡಿಗೆ ಬಂತು. ಫೈನಲ್ ನಡೆಯುವ ಮೈದಾನದ ಸುತ್ತ ಪೈನ್ ಮರಗಳು. ಮರಮರದ ಕೆಳಗೂ ಒಲೆ, ಹೊಗೆ, ಮಾಂಸ ಸುಡುವ ವಾಸನೆ. ಎದುರಾಳಿ ಲಿಸ್ಬನ್ನಿನ ದೊಡ್ಡ ಕ್ಲಬ್ಬು. ನಿಜ ಹೇಳಬೇಕೆಂದರೆ ಗಾರ್ಸಾದ ಅರ್ಧ ಮಕ್ಕಳ ಬೀರುವಿನಲ್ಲಿ ಆ ದೊಡ್ಡ ಕ್ಲಬ್ಬಿನ ಜೆರ್ಸಿಯೇ ಇತ್ತು. ಗಾಸ್ಪರನೂ ಅವರಲ್ಲೊಬ್ಬ. ಇವತ್ತು ಮಾತ್ರ ಎಲ್ಲರ ಕುತ್ತಿಗೆಗೂ ಗಾರ್ಸಾದ ಹಸಿರು ಶಾಲು.

ಮೊಟ್ಟೆ ಕೊಟ್ಟಿದ್ದ ದೋನಾ ಎರ್ಮಿನಿಯಾ ಅಜ್ಜಿ ಪಕ್ಕದ ಒಲೆಯ ಹತ್ತಿರ ಯಾರಿಗೋ ಹೇಳುತ್ತಿದ್ದಳು. "ಅಡೆಲಿನು ಚಿನ್ನದಂಥೋನು, ಪಾಪ. ಆದ್ರೆ ಫೈನಲ್ ಅಲ್ವಾ? ಗೆಲ್ಬೇಕಲ್ಲ? ಮಿಸ್ಟರ್ ಮಾಡಿದ್ದೇ ಸರಿ."

"ಹೌದ್ ಹೌದು," ಎಂದರು ಸುತ್ತಲಿನವರು. ಒಬ್ಬರೂ ಇಲ್ಲ ಎನ್ನಲಿಲ್ಲ.

"ನಿಮ್ ಮಾಂಸ ಸೀದು ಹೋಗ್ತಿದೆ, ಮೊದಲು ಅದನ್ನ ನೋಡ್ಕೊಳ್ಳಿ," ಎಂದಳು ಅಮ್ಮ, ತಿರುಗಿಯೂ ನೋಡದೆ. ಕಿತ್ತಳೆ ಕೊಟ್ಟವರು, ಎಲೆಕೋಸು ಕೊಟ್ಟವರು, ಸೆಮಿಫೈನಲ್ ಗೆದ್ದಾಗ ಅಪ್ಪನನ್ನು ಹೆಗಲ ಮೇಲೆ ಕೂರಿಸಿಕೊಂಡವರು ಎಲ್ಲರೂ ಅಲ್ಲೇ ನಗುತ್ತ ತಿನ್ನುತ್ತಿದ್ದರು. ಫಿಲಿಪಾ ಕೈಯಲ್ಲಿದ್ದ ಬ್ರೆಡ್ಡನ್ನು ಕೆಳಗಿಟ್ಟಳು. ಈ ಊರಿಗೆ ಅಪ್ಪ ಬೇಕಾಗಿಲ್ಲ ಎಂದು ಅವಳಿಗೆ ಅನಿಸಿತು. ಹಾಗಾದರೆ ತನಗೂ ಈ ಕಪ್ಪು ಬೇಡ.

ಪಂದ್ಯ ಶುರುವಾಯಿತು. ಅಪ್ಪ ಜೆರ್ಸಿಯ ಮೇಲೆ ಬದಲಿ ಆಟಗಾರರ ಹಳದಿ ಅಂಗಿ ಹಾಕಿಕೊಂಡು ಬೆಂಚಿನ ತುದಿಯಲ್ಲಿ ಕೂತಿದ್ದ. ಫಿಲಿಪಾ ಮೈದಾನ ನೋಡಲಿಲ್ಲ, ಆ ಹಳದಿ ಅಂಗಿಯನ್ನೇ ನೋಡಿದಳು. ದೊಡ್ಡ ಕ್ಲಬ್ಬಿನವರು ಮತ್ತೆ ಮತ್ತೆ ನುಗ್ಗಿ ಬಂದರು. ಟೆಲ್ಮು ಮೇಲೆ ಹಾರಿದ, ಕೆಳಗೆ ಬಿದ್ದ, ಎಲ್ಲವನ್ನೂ ಹಿಡಿದ. ಜನ ಅವನ ಹೆಸರು ಕೂಗಿದಾಗಲೆಲ್ಲ ಅವಳು ಹಲ್ಲು ಕಚ್ಚಿ ಒಂದೇ ಮಾತು ಹೇಳಿಕೊಂಡಳು. ಜಾರಲಿ. ದೇವರೇ, ಒಂದೇ ಒಂದು ಸಲ ಜಾರಲಿ.

ಪಂದ್ಯ ಮುಗಿಯುತ್ತ ಬಂದಾಗ ಗಾರ್ಸಾದ ಒಂಬತ್ತನೇ ನಂಬರಿನವನ ತಲೆಗೆ ಬಡಿದ ಚೆಂಡು ನೆಟ್ಟಿಗೆ ಹೋಯಿತು. ಸ್ಟ್ಯಾಂಡೇ ಎದ್ದು ನಿಂತಿತು. ಯಾರೋ ಗೊತ್ತಿಲ್ಲದ ಗಂಡಸು ಫಿಲಿಪಾಳನ್ನು ಎತ್ತಿ ಕುಣಿಸಿ ಕೆಳಗಿಟ್ಟ. ಅವಳು ಅಮ್ಮನ ಮುಖ ನೋಡಿದಳು. ಅಮ್ಮ ಅಳುತ್ತಿದ್ದಳು. ಯಾವುದಕ್ಕೆ ಅಳುತ್ತಿದ್ದಾಳೆ ಎಂದು ತಿಳಿಯಲಿಲ್ಲ.

ಆಮೇಲೆ ಅದು ಆಯಿತು. ದೊಡ್ಡ ಕ್ಲಬ್ಬಿಗೆ ಕೊನೆಯ ಕಾರ್ನರ್. ಚೆಂಡು ಎತ್ತರಕ್ಕೆ ಬಂತು. ಟೆಲ್ಮು ಹಾರಿ ಎರಡೂ ಕೈಯಲ್ಲಿ ಹಿಡಿದ. ಹಿಡಿದದ್ದು ಜಾರಿತು.

ಫಿಲಿಪಾ ಬೇಡಿಕೊಂಡದ್ದೇ ನಡೆದಿತ್ತು. ಆದರೆ ಅವಳಿಗೆ ಖುಷಿಯಾಗಲಿಲ್ಲ. ಅವಳು ಬೆಂಚಿನ ಕಡೆ ನೋಡಿದಳು.

ಅಪ್ಪ ಎದ್ದು ನಿಂತಿದ್ದ. ಮೊಣಕಾಲು ಬಗ್ಗಿಸಿ, ಎರಡೂ ಕೈ ಮುಂದೆ ಚಾಚಿ, ಬೆರಳು ಅಗಲಿಸಿ. ಮುಂದೆ ಚೆಂಡಿರಲಿಲ್ಲ, ಬರೀ ಗಾಳಿ. ಆದರೂ ಹಿಡಿಯಲು ಬಾಗಿದ್ದ.

ಚೆಂಡು ಗೋಲಿನ ಗೆರೆಯ ಕಡೆಗೆ ಉರುಳಿತು. ಟೆಲ್ಮು ಬಿದ್ದಲ್ಲಿಂದಲೇ ಹೊರಳಿ ಅದರ ಮೇಲೆ ಮೈ ಚೆಲ್ಲಿದ. ಗೆರೆಯ ಈಚೆಗೇ ಚೆಂಡು ನಿಂತಿತು. ಕೊನೆಯ ಸೀಟಿ ಮೊಳಗಿತು.

ಗಾರ್ಸಾ ಕಪ್ ಗೆದ್ದಿತು.

ಆಟಗಾರರು ಮೆಟ್ಟಿಲು ಹತ್ತಿ ಮೇಲಕ್ಕೆ ಹೋಗಿ ಕಪ್ ತೆಗೆದುಕೊಂಡರು. ಕಪ್ಪು ಕೈಯಿಂದ ಕೈಗೆ ದಾಟಿತು. ಸಾಲಿನ ಹಿಂದೆಲ್ಲೋ ಇದ್ದ ಅಪ್ಪನ ಕೈಗೂ ಬಂತು. ಬಿಸಿ ಪಾತ್ರೆ ದಾಟಿಸಿದ ಹಾಗೆ ಅವನು ಅದನ್ನು ಪಕ್ಕದವನಿಗೆ ದಾಟಿಸಿಬಿಟ್ಟ. ತಲೆಯ ಮೇಲೆ ಎತ್ತಲೇ ಇಲ್ಲ.

ಪಂದ್ಯವಾದ ಮೇಲೆ ಆಟಗಾರರು ಮರಗಳ ಕೆಳಗೆ ತಮ್ಮವರನ್ನು ಹುಡುಕಿಕೊಂಡು ಬಂದರು. ಎಲ್ಲರ ಜೆರ್ಸಿಯಲ್ಲೂ ಹುಲ್ಲಿನ ಕಲೆ, ಬೆವರು, ಮಣ್ಣು. ಅಪ್ಪನ ಜೆರ್ಸಿ ಮಾತ್ರ ಈಗ ತಾನೇ ಇಸ್ತ್ರಿ ಮಾಡಿದ ಹಾಗಿತ್ತು. ಅಮ್ಮ ಅವನ ತೋಳು ಒತ್ತಿ, "ತಿನ್ನೋಕೆ ತರ್ತೀನಿ" ಎಂದು ಒಲೆಯ ಕಡೆ ಹೋದಳು. ಅಪ್ಪ ಮರಕ್ಕೆ ಒರಗಿ ಫಿಲಿಪಾಳ ಪಕ್ಕ ಕೂತ. ಅವಳು ಅವನ ಎದೆಗೆ ಮುಖ ಒತ್ತಿದಳು. ಬರೀ ಸೋಪಿನ ವಾಸನೆ.

"ಅಪ್ಪಾ, ಟೆಲ್ಮು ಕೈಯಿಂದ ಚೆಂಡು ಜಾರ್ಲಿ ಅಂತ ಬೇಡ್ಕೊಂಡಿದ್ದೆ," ಎಂದಳು. "ಮ್ಯಾಚ್ ಪೂರ್ತಿ ಬೇಡ್ಕೊಂಡಿದ್ದೆ."

ಅಪ್ಪ ಒಲೆಯ ಹತ್ತಿರವಿದ್ದ ಅಮ್ಮನ ಕಡೆ ಒಮ್ಮೆ ನೋಡಿದ.

"ನಾನೂ," ಎಂದ ಕೊನೆಗೆ, ತುಂಬ ಮೆಲ್ಲಗೆ. "ಮೊದಲ್ನೇ ಹಾಫಲ್ಲಿ. ಅಮ್ಮಂಗೆ ಹೇಳ್ಬೇಡ."

ಫಿಲಿಪಾ ತಲೆ ಎತ್ತಿ ನೋಡಿದಳು.

"ಆಮೇಲೆ ಅದು ನಿಜವಾಗ್ಲೂ ಜಾರ್ತಲ್ಲ," ಎಂದ, "ಕೈ ಹೆಂಗೆ ಮುಂದೆ ಹೋಯ್ತೋ ನಂಗೇ ಗೊತ್ತಾಗ್ಲಿಲ್ಲ ಪುಟ್ಟಿ."

"ನಾನು ನೋಡಿದೆ," ಎಂದಳು ಫಿಲಿಪಾ.

ಅಪ್ಪ ಈಗ ಮುಚ್ಚುಮರೆಯಿಲ್ಲದೆ ಅತ್ತ. ಸೆಮಿಫೈನಲ್ ಗೆದ್ದ ದಿನವೂ ಅವನು ಅತ್ತಿದ್ದ, ಆದರೆ ಆ ಅಳು ಬೇರೆ. ಅಳು ನಿಲ್ಲುವ ತನಕ ಫಿಲಿಪಾ ಅವನ ಬೆರಳು ಹಿಡಿದು ಕೂತಿದ್ದಳು.

ಆಚೆ ಮರಗಳ ನಡುವೆ ಗದ್ದಲ ಎದ್ದಿತು. ಟೆಲ್ಮುವನ್ನು ಹೆಗಲ ಮೇಲೆ ಹೊತ್ತು ತರುತ್ತಿದ್ದರು. ಕೆಳಗೆ ಗಾಸ್ಪರ್ ಗಂಟಲು ಹರಿಯುವಂತೆ ಕೂಗುತ್ತಿದ್ದ. ಟೆಲ್ಮು ಮಾತ್ರ ನಗುತ್ತಿರಲಿಲ್ಲ. ಕತ್ತು ಉದ್ದ ಮಾಡಿ ಒಲೆ ಒಲೆಯ ಹತ್ತಿರವೂ ಯಾರನ್ನೋ ಹುಡುಕುತ್ತಿದ್ದ. ಇವರಿಬ್ಬರನ್ನು ಕಂಡವನೇ ಅಲ್ಲೇ ನೋಟ ನೆಟ್ಟ.

ಅಪ್ಪ ಮುಖ ಒರೆಸಿಕೊಂಡು ಎದ್ದು ನಿಂತು ಅವನಿಗೆ ಕೈ ಎತ್ತಿ ತೋರಿಸಿದ.

ಟೆಲ್ಮು ಇನ್ನೂ ನೋಡುತ್ತಲೇ ಇದ್ದ. ಅವನು ನೋಡುತ್ತಿದ್ದದ್ದು ಅಪ್ಪನನ್ನಲ್ಲ, ತನ್ನನ್ನು ಎಂದು ಫಿಲಿಪಾಳಿಗೆ ಗೊತ್ತಾಯಿತು. ಅವಳ ಎದೆಯಲ್ಲಿ ದುಃಖ ಇದ್ದ ಜಾಗದಲ್ಲೇ ಇತ್ತು, ಒಂದಿಷ್ಟೂ ಕಡಿಮೆಯಾಗಿರಲಿಲ್ಲ. ಕೈ ಮೇಲೇಳಲು ಒಪ್ಪಲಿಲ್ಲ.

ಅವಳು ಅಪ್ಪನ ಕಡೆ ಒಮ್ಮೆ ನೋಡಿದಳು. ಆಮೇಲೆ ಎದ್ದು, ಮೆಲ್ಲಗೆ, ತನ್ನ ಕೈಯನ್ನೂ ಎತ್ತಿದಳು.