ಬದಿಹಳಿಯಲ್ಲಿ ಎರಡು ನಿಮಿಷ

ಹೊರಡುವ ಹೊತ್ತಾಯಿತು, ಆದರೂ ಕೈ ಏಕೆ ಏಳುತ್ತಿಲ್ಲ?

ವಿದ್ಯುತ್ ಗಾಡಿಯ ಚಾಲಕ ವೆಂಡೆಲ್ ಮತ್ತೆ ಗಡಿಯಾರ ನೋಡಿದ. ನಾಲ್ಕು ಇಪ್ಪತ್ತು. ಡಿಪೋದವರು ಫೋನಿನಲ್ಲಿ ಹೇಳಿದ್ದನ್ನು ಬರೆದುಕೊಂಡ ಆಜ್ಞೆಯ ಚೀಟಿ ಕಣ್ಣೆದುರೇ ಸಿಕ್ಕಿಸಿತ್ತು: ಎದುರಿನಿಂದ ಬರುವ ಸ್ಪೆಷಲ್ ಗಾಡಿಗಾಗಿ ಬದಿಹಳಿಯಲ್ಲಿ ನಾಲ್ಕು ಇಪ್ಪತ್ತರವರೆಗೆ ಕಾಯುವುದು, ಬರದಿದ್ದರೆ ಮುಂದೆ ಹೋಗುವುದು.

ಈ ಬದಿಹಳಿ ದಾಟಿದರೆ ಮುಂದಿನ ಊರಿನವರೆಗೂ ಎರಡೂ ಕಡೆಯ ಗಾಡಿಗಳಿಗೆ ಒಂದೇ ಹಳಿ. ತಿರುವಿನಲ್ಲಿ ಆಳೆತ್ತರದ ಮೆಕ್ಕೆಜೋಳ. ಅದರಾಚೆ ಏನೂ ಕಾಣದು.

"ಏನ್ರೀ ಸಾಹೇಬ್ರೇ, ಗಾಡಿ ಇಲ್ಲೇ ಬೇರು ಬಿಡ್ತಾ?"

ಹೆಟ್ಟಿಯ ದನಿ. ಎರಡು ವರ್ಷದಿಂದ ದಿನವೂ ಅದೇ ಮುಂದಿನ ಸೀಟು. ಇಳಿಯುವಾಗ ಅವನ ಕಿಟಕಿಯಂಚಿನಲ್ಲಿ ಒಂದು ಪೆಪ್ಪರ್‌ಮಿಂಟ್ ಇಟ್ಟು, ಅವನು ಕೆಂಪಾಗುವುದನ್ನು ಓರೆಗಣ್ಣಲ್ಲಿ ನೋಡಿ ಹೋಗುತ್ತಿದ್ದಳು. ಇಂದು ಅವಳ ಮಡಿಲಲ್ಲಿ ಪೆಟ್ಟಿಗೆ. ಕಾನ್ಸಸ್‌ನ ಟೋಪಿ ಅಂಗಡಿಯಲ್ಲಿ ಕೆಲಸ ಸಿಕ್ಕಿತ್ತು. ಅಲ್ಲಿಗೆ ಹೋಗುವ ಉಗಿಬಂಡಿ ಮುಂದಿನ ಊರಿನಿಂದ ನಾಲ್ಕೂವರೆಗೆ. ಎರಡು ನಿಮಿಷ ತಡವಾದರೂ ಅದು ಸಿಗದು. ನಾಳೆ ಹೋದರೆ ಕೆಲಸ ಬೇರೆಯವಳಿಗೆ.

"ಇನ್ನೊಂಚೂರು," ಎಂದ.

"ನನ್ನ ಕಳಿಸೋಕೆ ಮನಸ್ಸಿಲ್ವಾ? ಹಾಗಿದ್ರೆ ಬಾಯಿಬಿಟ್ಟು ಹೇಳಿ."

ಎದುರಿನ ಗಾಜಿನಲ್ಲಿ ಕಂಡ ಅವಳ ಕಣ್ಣು ನಗುತ್ತಿರಲಿಲ್ಲ. ಅವನು ಮತ್ತೆ ಗಡಿಯಾರದತ್ತ ತಿರುಗಿದ.

"ಲೋ ವೆಂಡೆಲ್!" ಕಂಡಕ್ಟರ್ ಬರ್ಲ್ ಹಿಂದಿನಿಂದ ಕೂಗಿದ. "ಟೈಮಾಯ್ತು ಕಣೋ! ಜನ ನನ್ನ ಹರ್ಕೊಂಡು ತಿಂತಾವ್ರೆ. ಸುಮ್ನೆ ನಿಂತಿದ್ದು ಗೊತ್ತಾದ್ರೆ ನಿನ್ನ ಕೆಲಸ ಹೋಗತ್ತೆ!"

ಇಪ್ಪತ್ತೊಂದು. ಗಾಡಿ ನಡೆಸುವ ಹಿಡಿಯನ್ನು ಅವನು ತಿರುಗಿಸಲಿಲ್ಲ. ಮೇಲಿನ ವಿದ್ಯುತ್ ತಂತಿ ಸಣ್ಣಗೆ ಗುಂಯ್‌ಗುಡುತ್ತಿತ್ತು.

ಇಪ್ಪತ್ತೆರಡು.

ಜೋಳದ ಗೋಡೆ ಸೀಳಿಕೊಂಡು ಸ್ಪೆಷಲ್ ಗಾಡಿ ಬಂತು. ಪಕ್ಕದ ಹಳಿಯಲ್ಲಿ ಕಿಟಕಿಗಳನ್ನೆಲ್ಲ ನಡುಗಿಸಿ ಹಾದುಹೋಯಿತು. ಅದರ ಚಾಲಕನ ಗಡಿಯಾರ ಮೂರು ನಿಮಿಷ ಹಿಂದಿತ್ತು ಎಂಬುದು ಆಮೇಲೆ ತಿಳಿಯಿತು. ಬೆಳಿಗ್ಗೆ ಅವನು ಅದನ್ನು ಡಿಪೋದ ಗೋಡೆ ಗಡಿಯಾರಕ್ಕೆ ಹೊಂದಿಸಿರಲಿಲ್ಲ.

ಬರ್ಲ್ ಟೋಪಿ ತೆಗೆದು ಮೆಟ್ಟಿಲ ಮೇಲೆ ಕುಸಿದ. ಪೆಟ್ಟಿಗೆ ನೆಲಕ್ಕೆ ಬಿದ್ದಿತ್ತು. ಹೆಟ್ಟಿ ವೆಂಡೆಲ್‌ನ ತೋಳು ಹಿಡಿದಳು, ಬಿಡಲಿಲ್ಲ.

"ಅದು ಬರೋದು ಗೊತ್ತಿತ್ತಾ ನಿಮಗೆ?"

ಅವನು ತಲೆ ತಗ್ಗಿಸಿದ. ಅವಳು ಅದನ್ನೇ ಹೌದೆಂದುಕೊಂಡಳು.

ಕಾನ್ಸಸ್‌ಗೆ ಅವಳು ಹೋಗಲೇ ಇಲ್ಲ. ಅಕ್ಟೋಬರಿನಲ್ಲಿ ಅವರಿಬ್ಬರ ಮದುವೆಯಾಯಿತು. ಊರವರೆಲ್ಲ ಅವನ ಎಚ್ಚರವನ್ನು ಹೊಗಳಿದರು. ಅವರೆಲ್ಲರಿಗಿಂತ ಹೆಚ್ಚಾಗಿ ಹೊಗಳಿದವಳು ಅವಳು.

ಎದುರಿನ ಗಾಡಿಯ ಯೋಚನೆಯೇ ತನಗಿರಲಿಲ್ಲ, ಅವಳ ರೈಲು ತಪ್ಪಲಿ ಎಂದೇ ನಿಂತಿದ್ದೆ ಎಂದು ಅವನು ಅವಳಿಗೆ ಎಂದೂ ಹೇಳಲಿಲ್ಲ.