ಹೊಸ್ತಿಲ ಕೆಳಗಿನ ಮೊಟ್ಟೆಗಳು

"ಕೈ ಹಾಕಬೇಡ ಮಗಳೇ. ಸಲಿಕೆ ತಗೋ."

ರೆಜ್ಕಾ ಅಜ್ಜಿ ಅಂಗಳದ ಲಿಂಡನ್ ಮರದ ಹತ್ತಿರವೇ ನಿಂತಿದ್ದಳು. ಅಲ್ಲಿಂದ ಈಚೆಗೆ ಬರಲು ಅವಳ ಕಾಲು ಒಪ್ಪಲಿಲ್ಲ. ಕೊವಾಚ್ ಮನೆಯ ಹೊಸ್ತಿಲ ಕಲ್ಲನ್ನು ಕೆಲಸದವರು ಆಗಷ್ಟೇ ಎಬ್ಬಿಸಿದ್ದರು. ಕೆಳಗಿನ ಗುಳಿಯಲ್ಲಿ ಹೆಣೆದ ಕೂದಲಿನ ಸಿಂಬಿ, ಅದರೊಳಗೆ ಮಣ್ಣಿನ ಬಣ್ಣಕ್ಕೆ ತಿರುಗಿದ ಕೋಳಿಮೊಟ್ಟೆಗಳು. ಒಂದೂ ಒಡೆದಿರಲಿಲ್ಲ. ಅಷ್ಟು ಹಳೆಯ ಮೊಟ್ಟೆಗಳಿಗೆ ಕೊಳೆತ ನಾತ ಇರಬೇಕಿತ್ತು. ಆದರೆ ಗುಳಿಯಿಂದ ಏಳುತ್ತಿದ್ದದ್ದು ಆಗತಾನೆ ಕರೆದ ಹಾಲಿನ ವಾಸನೆ.

"ಕೈ ಹಾಕಿದ್ರೆ ಏನಾಗುತ್ತೆ ಅಜ್ಜಿ? ಮರಿ ಆಗುತ್ತಾ?" ದುನ್ಯಾ ನಕ್ಕಳು.

ಕೆಲಸದವರು ನಗಲಿಲ್ಲ. ಒಬ್ಬ ಹಾರೆಯನ್ನು ಗೋಡೆಗೆ ಒರಗಿಸಿ ಶಿಲುಬೆಯ ಗುರುತು ಮಾಡಿಕೊಂಡ.

"ಈ ಮನೆ ಹಾಳಾಗ್ಲಿ ಅಂತ ಯಾರೋ ಹೂತಿದ್ದು ಅದು," ಎಂದಳು ಅಜ್ಜಿ. "ಸಲಿಕೆಲಿ ಎತ್ತಿ, ಈಸ್ಟರ್‌ಗೆ ಮುಂಚಿನ ಗರಿಗಳ ಭಾನುವಾರ ಪಾದ್ರಿ ಮಂತ್ರಿಸಿ ಕೊಟ್ಟ ಕೊಂಬೆ ಜೊತೆ ಸುಡಬೇಕು. ಅದು ಉರೀತಿರುವಾಗ ಯಾರು ಮೊದಲು ಬಾಗಿಲಿಗೆ ಬಂದು ಏನಾದ್ರೂ ಕೇಳ್ತಾರೋ, ಇಟ್ಟೋರು ಅವರೇ. ಅವರಿಗೆ ಏನೂ ಕೊಡಬಾರದು. ಒಂದು ಬೆಂಕಿಕಡ್ಡಿನೂ ಕೊಡಬಾರದು."

"ಸುಟ್ಟುಬಿಟ್ರೆ ಜನ ಏನು ನೋಡೋಕೆ ಬರ್ತಾರೆ ಅಜ್ಜಿ? ನೇಗಿಲು, ಕುಡುಗೋಲು, ಬೆಣ್ಣೆ ಕಡೆಯೋ ಕೊಳಗ ಎಲ್ಲಾ ಊರಲ್ಲೂ ಇದೆ. ನಿಜವಾದ ಮಾಟ ಎಲ್ಲಿದೆ ಹೇಳಿ?"

ಈ ಹಳೆಯ ಮನೆಯನ್ನು ಊರಿನ ವಸ್ತುಸಂಗ್ರಹಾಲಯ ಮಾಡಲೆಂದೇ ದುನ್ಯಾ ರಾಜಧಾನಿ ಲ್ಯುಬ್ಲ್ಯಾನಾದಿಂದ ಲೊಕೊವ್ನಿಕ್ ಹಳ್ಳಿಗೆ ಬಂದಿದ್ದಳು. ಆರು ವರ್ಷದ ಮಗಳು ನೇಲಾಳ ಜೊತೆ ಅದೇ ಮನೆಯ ಮಹಡಿಯಲ್ಲಿ ಉಳಿದಿದ್ದಳು. ಈಗ ದುನ್ಯಾ ಬಗ್ಗಿ ಬರಿಗೈಯಲ್ಲಿ ಸಿಂಬಿಯನ್ನು ಎತ್ತಿದಳು. ಮೊಟ್ಟೆಗಳು ಬೆಚ್ಚಗಿದ್ದವು. ಬಿಸಿಲಿಗೆ ಹಾಗಾಗಿರಬೇಕು ಎಂದುಕೊಂಡಳು. ನವೆಂಬರಿನ ಮಂಜು ಕವಿದ ಆ ಊರಲ್ಲಿ ವಾರದಿಂದ ಬಿಸಿಲೇ ಬಿದ್ದಿರಲಿಲ್ಲ.

ಮುಂದಿನ ಕೋಣೆಯ ಗಾಜಿನ ಪೆಟ್ಟಿಗೆಯಲ್ಲಿ ಅವುಗಳನ್ನು ಒಂದೊಂದಾಗಿ ಜೋಡಿಸಿಟ್ಟಳು. ಅಜ್ಜಿ ಕಿಟಕಿಯ ಹೊರಗಿನಿಂದಲೇ ನೋಡುತ್ತಿದ್ದಳು.

"ಯಾರಿಗೆ ಅಂತ ಇಟ್ಟೆ?"

"ನಮ್ಮ ನೇಲಾಗೆ. ಮೊದಲು ನೋಡೋಳು ಅವಳೇ ತಾನೆ."

ಅಜ್ಜಿ ಬಾಯಿಗೆ ತಲೆವಸ್ತ್ರದ ತುದಿ ಒತ್ತಿಕೊಂಡು ಹಿಂದೆ ಸರಿದಳು.

ಆ ರಾತ್ರಿಯೇ ನೇಲಾ ವಾಂತಿ ಮಾಡಿಕೊಂಡಳು. ಗಂಜಿ ನಿಲ್ಲಲಿಲ್ಲ, ಹಾಲು ನಿಲ್ಲಲಿಲ್ಲ, ಕೊನೆಗೆ ನೀರೂ ನಿಲ್ಲಲಿಲ್ಲ. ಪಟ್ಟಣದ ಆಸ್ಪತ್ರೆಯಲ್ಲಿ ಸೂಜಿ ಚುಚ್ಚಿ ನೀರು ಹತ್ತಿಸಿದರು, ರಕ್ತ ನೋಡಿದರು, ಹೊಟ್ಟೆಯ ಚಿತ್ರ ತೆಗೆದರು. ಯಾವ ದೋಷವೂ ಕಾಣಲಿಲ್ಲ. ಅಲ್ಲಿ ಚೇತರಿಸಿಕೊಂಡ ಮಗು ಮನೆಗೆ ಬಂದ ಕೂಡಲೇ ಮತ್ತೆ ಬಾಡಿತು. ಕೆನ್ನೆಯ ಮೂಳೆ ಎದ್ದಿತು, ತುಟಿ ಸಿಪ್ಪೆ ಎದ್ದಿತು. ಉಸಿರಿನಲ್ಲಿ ಆಗತಾನೆ ಕರೆದ ಹಾಲಿನ ವಾಸನೆ.

ಆ ವಾಸನೆಯನ್ನು ದುನ್ಯಾ ಗುರುತಿಸಿದಳು. ಗುರುತಿಸಿಯೂ ಯಾರಿಗೂ ಹೇಳಲಿಲ್ಲ. ಓದಿದವಳು ಏನೆಂದು ಹೇಳಿಯಾಳು?

ಆಸ್ಪತ್ರೆಯಿಂದ ಬಂದ ಮಾರನೆಯ ಸಂಜೆ ಗಾಜಿನ ಪೆಟ್ಟಿಗೆ ಖಾಲಿಯಾಗಿತ್ತು. ಮನೆಯ ಇನ್ನೊಂದು ಕೀಲಿ ಇದ್ದದ್ದು ಮಾರ್ತಾಳ ಬಳಿ. ಅವಳು ರೆಜ್ಕಾ ಅಜ್ಜಿಯ ಸೊಸೆ, ದಿನವೂ ಬಂದು ನೆಲ ಒರೆಸುವವಳು. ಕದ್ದದ್ದು ಅವಳೇ ಎಂದು ಸಿಟ್ಟಾಗುವಷ್ಟರಲ್ಲಿ ದುನ್ಯಾಳ ಬಲಗೈ ಚುರುಗುಟ್ಟಿತು. ಬೆರಳ ತುದಿಯಲ್ಲಿ ಬೊಬ್ಬೆ ಎದ್ದಿತು. ನೋಡುತ್ತಿದ್ದಂತೆ ಇನ್ನೊಂದು.

ಆಮೇಲೆ ಅವಳು ನಡೆಯುತ್ತಿದ್ದಳು. ಮಗುವನ್ನು ಒಂಟಿಯಾಗಿ ಬಿಟ್ಟು ಯಾವಾಗ ಮೆಟ್ಟಿಲಿಳಿದಳೋ ಅವಳಿಗೆ ತಿಳಿಯದು. ಕಾಲಲ್ಲಿ ಚಪ್ಪಲಿ ಇರಲಿಲ್ಲ. ಹುಲ್ಲು ಒಣಹಾಕುವ ಮರದ ಚಪ್ಪರಗಳು ಮಂಜಿನಲ್ಲಿ ಪಕ್ಕೆಲುಬಿನಂತೆ ನಿಂತಿದ್ದವು. ಎಲ್ಲಿಂದಲೋ ಸುಟ್ಟ ಕೂದಲಿನ ಕಮಟು ಬರುತ್ತಿತ್ತು. ಕಾಲುಗಳು ಆ ಕಮಟಿನ ಕಡೆಗೇ ನಡೆದವು. ರೆಜ್ಕಾ ಅಜ್ಜಿಯ ಬಾಗಿಲ ಮುಂದೆ ನಿಂತವು.

"ಒಂದು ಹಿಡಿ ಉಪ್ಪು ಕೊಡಿ."

ಮಾತು ಅವಳದೇ ಬಾಯಿಂದ ಬಂದಿತ್ತು. ಅವಳ ಅಡುಗೆಮನೆಯಲ್ಲಿ ಉಪ್ಪು ಜಾಡಿಯ ತುಂಬ ಇತ್ತು.

ಒಳಗೆ ಒಲೆ ಚಟಪಟ ಉರಿಯುತ್ತಿತ್ತು.

"ದುನ್ಯಾ?" ಅಜ್ಜಿಯ ದನಿ ಒಡೆದಿತ್ತು. "ನೀನು ಬರದೇ ಇರ್ಲಿ ಅಂತ ಬೇಡ್ಕೊಂಡಿದ್ನಲ್ಲೇ."

"ನಾನಲ್ಲ ಅಜ್ಜಿ. ನಾನು ಯಾರಿಗೂ ಏನೂ ಮಾಡಿಲ್ಲ. ಉಪ್ಪು ಕೊಡಿ."

"ಹೂತೋಳು ಸತ್ತು ಮಣ್ಣಾದ್ಲು. ನೀನು ಎತ್ತಿ ಮತ್ತೆ ಇಟ್ಟೆ. ಹೆಸರು ಹೇಳಿ ಇಟ್ಟೆ. ಈಗ ಇಟ್ಟ ಕೈ ನಿಂದೇ."

ಬೊಬ್ಬೆಗಳು ಮೊಣಕೈವರೆಗೆ ಏರಿದವು. ಚರ್ಮ ಬಿರಿಯಿತು. ದುನ್ಯಾ ಬಾಗಿಲಿಗೆ ಹಣೆ ಚಚ್ಚಿಕೊಂಡಳು. ಕಿಟಕಿಯಲ್ಲಿ ಮಾರ್ತಾಳ ಮುಖ ಕಾಣಿಸಿತು.

"ಅತ್ತೆ, ಅವಳ ಕೈ ನೋಡಿ. ಬೇಯ್ತಿದೆ. ಒಂದು ಹಿಡಿ ಉಪ್ಪಿಗೆ ಏನು ಹೋಗುತ್ತೆ?"

"ಕೊಟ್ರೆ ಅವಳ ಕೈ ಆರುತ್ತೆ. ಮಗು ಬೆಳಗಿನವರೆಗೆ ಇರಲ್ಲ. ಸುಮ್ನೆ ಕೂತ್ಕೋ."

"ನನ್ನ ಕೈಲಿ ನೋಡೋಕಾಗಲ್ಲ."

ಅಗುಳಿ ಸರಿಯಿತು. ಬಾಗಿಲು ಬೆರಳಷ್ಟು ತೆರೆಯಿತು. ಸಂದಿಯಲ್ಲಿ ಮಾರ್ತಾಳ ಅಂಗೈ. ಅಂಗೈಯಲ್ಲಿ ಬೆಳ್ಳಗೆ ಉಪ್ಪು.

ದುನ್ಯಾಳ ಇಡೀ ಮೈ ಆ ಉಪ್ಪಿಗೆ ಬಾಯಿ ತೆರೆಯಿತು. ಮುಟ್ಟಿದರೆ ಸಾಕು. ಒಂದು ಹರಳು ಸಾಕು. ಸುಟ್ಟ ಕೈ ತಾನಾಗಿಯೇ ಮೇಲೆದ್ದಿತು.

ಅವಳು ಎಡಗೈಯಿಂದ ಬಾಗಿಲ ಕಬ್ಬಿಣದ ಬಳೆ ಹಿಡಿದಳು. ಬಾಗಿಲು ಮುಚ್ಚುವಂತೆ ತನ್ನ ಕಡೆಗೆ ಎಳೆದಳು. ಒಳಗೆ ಮಾರ್ತಾ ಚೀರಿ ಕೈ ಹಿಂದಕ್ಕೆಳೆದುಕೊಂಡಳು. ಉಪ್ಪು ಒಳಗೇ ಚೆಲ್ಲಿತು. ಬಾಗಿಲು ಮುಚ್ಚಿತು.

"ಕೊಡಿ," ಎಂದಿತು ಬಾಯಿ. ಎಡಗೈ ಬಳೆಯನ್ನು ಬಿಡಲಿಲ್ಲ. "ಕೊಡಿ, ಕಾಲಿಗೆ ಬೀಳ್ತೀನಿ." ಅವಳು ಗೋಡೆಗೆ ಕಾಲು ಕೊಟ್ಟು ಹಿಂದಕ್ಕೆ ಜಗ್ಗಿದಳು. ಬಲಗೈಯಿಂದ ಹೊಗೆ ಎದ್ದಿತು. ತನ್ನದೇ ಮಾಂಸದ ವಾಸನೆ. "ಕೊಡಿ." ಜಗ್ಗಿದಳು. ಒಳಗೆ ಅಜ್ಜಿ ಜಪಸರ ಎಣಿಸುತ್ತಿದ್ದಳು. "ಕೊಡಿ." ಒಲೆಯಲ್ಲಿ ಏನೋ ಪಟ್ಟನೆ ಒಡೆಯಿತು. ಮತ್ತೊಂದು. ಮತ್ತೊಂದು. ಎಳೆಗೂಸಿನ ಅಳುವಿನಂಥ ಸದ್ದು ಹೊಗೆಗೂಡಿನಲ್ಲಿ ಏರಿ ಹೋಯಿತು. ಆಮೇಲೆ ಬರೀ ಮಂಜು.

ಬೆಂಕಿ ಆರಿದ ಮೇಲೆಯೇ ಅಜ್ಜಿ ಬಾಗಿಲು ತೆರೆದಳು. ದುನ್ಯಾಳ ಬೆರಳುಗಳನ್ನು ಬಳೆಯಿಂದ ಒಂದೊಂದಾಗಿ ಬಿಡಿಸಿದಳು.

ಇಬ್ಬರೂ ಹೆಂಗಸರು ಅವಳನ್ನು ನಡೆಸಿಕೊಂಡು ಮನೆಗೆ ಬಂದಾಗ ನೇಲಾ ಹಾಸಿಗೆಯಲ್ಲಿ ಎದ್ದು ಕೂತಿದ್ದಳು. ಕೆನ್ನೆಯಲ್ಲಿ ರಕ್ತ ಓಡಿತ್ತು.

"ಬಾಯಾರಿಕೆ," ಎಂದಳು.

ದುನ್ಯಾ ಅಳುತ್ತಲೇ ಎಡಗೈಯಲ್ಲಿ ಲೋಟ ತುಂಬಿದಳು. ಮಗುವಿನ ತುಟಿಗೆ ಹಿಡಿದಳು. ನೇಲಾ ಲೋಟವನ್ನು ನೋಡಿದಳು. ಹಿಡಿದ ಕೈಯನ್ನು ನೋಡಿದಳು. ತುಟಿ ಬಿಗಿದು, ಗೋಡೆಯವರೆಗೆ ಹಿಂದೆ ಸರಿದಳು.

"ಕುಡಿ ಕಂದಾ. ಅಮ್ಮ ಕೊಡ್ತಿದೀನಿ."

ಮಗು ತಲೆಯಾಡಿಸಿತು. ಬೇರೆ ಲೋಟ ತಂದರೂ ಅಷ್ಟೇ. ಚಮಚ ತಂದರೂ ಅಷ್ಟೇ. "ಇಟ್ಟ ಕೈಯಿಂದ ಇನ್ನು ಅವಳು ಏನೂ ತಗೊಳ್ಳಲ್ಲ," ಎಂದಳು ಅಜ್ಜಿ. ಕೊನೆಗೆ ಮಾರ್ತಾ ಲೋಟ ಇಸಿದುಕೊಂಡು ಮಂಚದ ಅಂಚಿನಲ್ಲಿ ಕೂತಳು. ನೇಲಾ ಅವಳ ತೊಡೆಗೆ ಒರಗಿ ಗಟಗಟನೆ ಕುಡಿದಳು. ನೀರು ಹೊಟ್ಟೆಯಲ್ಲಿ ನಿಂತಿತು.

"ನಾಳೆನೂ ನೀವೇ ಬರ್ತೀರಾ?" ಎಂದು ಮಗು ಮಾರ್ತಾಳನ್ನು ಕೇಳಿತು.

ಮಾರ್ತಾ ದುನ್ಯಾಳ ಕಡೆ ನೋಡಲಾರದೆ ನೆಲ ನೋಡಿದಳು.

"ಬರ್ತಾಳೆ," ಎಂದಳು ದುನ್ಯಾ. "ದಿನಾ ಬರ್ತಾಳೆ." ಹೇಳಿ, ಮಗುವಿಗೆ ತನ್ನ ನೆರಳು ತಾಗದಷ್ಟು ದೂರ ಹೋಗಿ ನಿಂತಳು.