ಹದಿನೇಳು ಡಿಸ್ಕಿನ ಆಟ

ಎರಡು ಕಾಲುಚೀಲ, ಒಂದು ಟವೆಲ್, ಅಪ್ಪನ ನೀಲಿ ಅಂಗಿ. ಆಮೇಲೆ ಒಂದು ಡಿಸ್ಕು.

ಬಟಾಣಿಯ ಕೈ ಅಲ್ಲಿಗೇ ನಿಂತಿತು. ಬಾಲ್ಕನಿಯಲ್ಲಿ ಅಜ್ಜಿ ಬಕೆಟ್ಟಿನಿಂದ ಒಂದೊಂದೇ ಬಟ್ಟೆ ಹಿಂಡಿ ಕೊಡುತ್ತಿದ್ದಳು. ಬಟಾಣಿ ಅದನ್ನು ತಂತಿಗೆ ಹಾಕಿ ಕ್ಲಿಪ್ ಸಿಕ್ಕಿಸುತ್ತಿದ್ದಳು. ಈಗ ಅಜ್ಜಿ ಕೊಟ್ಟದ್ದು ದುಂಡಗಿತ್ತು, ಹೊಳೆಯುತ್ತಿತ್ತು, ಸೋಪಿನ ವಾಸನೆ ಸೂಸುತ್ತಿತ್ತು.

"ಅಜ್ಜೀ! ಇದು ಗೇಮ್ ಡಿಸ್ಕು! ಇದನ್ನ ಯಾಕೆ ಒಗೆದೆ?"

"ಒಗೀಲಿಲ್ಲಮ್ಮಾ, ಬರೀ ಜಾಲಿಸಿದೆ. ಈ ತಟ್ಟೆಗಳಿಗೆ ಧೂಳು ಹಿಡಿದಿದೆ, ಕಂಪ್ಯೂಟರ್ ಓದ್ತಾ ಇಲ್ಲ ಅಂತ ನೀನೇ ತಾನೇ ಅತ್ತಿದ್ದು? ಹಿಡ್ಕೋ, ಇನ್ನೂ ಒಂಬತ್ತಿವೆ."

ಬಟಾಣಿ ಅನ್ನುವುದು ಅಡ್ಡಹೆಸರು. ಹುಟ್ಟಿದಾಗ ಅಷ್ಟೇ ಇದ್ದಳು ಅಂತ ಅಪ್ಪ ಇಟ್ಟದ್ದು. ಈಗ ಅವಳು ಐದನೇ ಕ್ಲಾಸು. ಕಾಲು ಉದ್ದವಾದವು, ಜಡೆ ಉದ್ದವಾಯಿತು, ಹೆಸರು ಮಾತ್ರ ಬಟಾಣಿಯಾಗಿಯೇ ಉಳಿಯಿತು.

ಕಾಲುಚೀಲಗಳ ಪಕ್ಕದಲ್ಲಿ ಹತ್ತು ಡಿಸ್ಕುಗಳು ಸಾಲಾಗಿ ನೇತಾಡಿದವು. ಎದುರುಮನೆಯ ಗೋಡೆಯ ಮೇಲೆ ಹತ್ತು ಬಿಸಿಲಿನ ಚುಕ್ಕೆಗಳು ಕುಣಿದವು. ಆ ಮನೆಯ ಬೆಕ್ಕು ಅವುಗಳನ್ನು ಹಿಡಿಯಲು ಹಾರಿ, ಹಾರಿ, ಕೊನೆಗೆ ಹೂಕುಂಡದೊಳಗೆ ಬಿತ್ತು.

ಅಪ್ಪ ಹುಡುಗನಾಗಿದ್ದಾಗ ಆಡುತ್ತಿದ್ದ ಗೇಮ್ ಕನ್ಸೋಲ್ ಕೆಟ್ಟು ಎಷ್ಟೋ ಕಾಲವಾಗಿತ್ತು. ಡಿಸ್ಕುಗಳು ಮಾತ್ರ ಒಂದು ಶೂ ಡಬ್ಬಿಯಲ್ಲಿ ಉಳಿದಿದ್ದವು. ಬಟಾಣಿ ಅಪ್ಪನನ್ನು ಕೇಳಿ ಹಳೇ ಕಂಪ್ಯೂಟರಿಗೆ ಎಮ್ಯುಲೇಟರ್ ಹಾಕಿದ್ದಳು.

"ಅದೇನೇ ಅದು ಎಮ್ಮುಲೇಟರು?" ಎಂದು ಅಜ್ಜಿ ಕೇಳಿದ್ದಳು.

"ಕಂಪ್ಯೂಟರ್ರು ತಾನೇ ಹಳೇ ಕನ್ಸೋಲ್ ಅಂತ ನಾಟಕ ಆಡುತ್ತೆ ಅಜ್ಜಿ. ಡಿಸ್ಕುಗಳು ನಂಬಿಬಿಡ್ತವೆ."

"ಪಾಪ," ಅಂದಿದ್ದಳು ಅಜ್ಜಿ.

ಹನ್ನೊಂದು ಡಿಸ್ಕುಗಳಲ್ಲಿ ಮೊದಲು ಓಡಿದ್ದು ಒಂದೇ ಒಂದು. ಅದರಲ್ಲಿ ಒಂದು ಬಾತುಕೋಳಿ ತಲೆಯ ಮೇಲೆ ಪಾತ್ರೆ ಇಟ್ಟುಕೊಂಡು, ಎಲ್ಲೋ ಇರುವ ರಾಜನಿಗೆ ಬಿಸಿಬಿಸಿ ಸೂಪು ಒಯ್ಯುತ್ತಿತ್ತು. ದಾರಿಯಲ್ಲಿ ಮೊಸಳೆ, ಬಿರುಗಾಳಿ, ಸೂಪು ಕದಿಯುವ ಕಪ್ಪೆಗಳು. ಬಟಾಣಿ ದಿನಾ ಹೋಮ್‌ವರ್ಕ್ ಮುಗಿಸಿ ಆಡಿ ಆಡಿ, ಹತ್ತನೇ ದಿನ ಬಾತುಕೋಳಿಯನ್ನು ಒಂದು ದೊಡ್ಡ ಬಾಗಿಲ ಮುಂದೆ ತಂದು ನಿಲ್ಲಿಸಿದ್ದಳು. ಅಲ್ಲಿ ಆಟ ನಿಂತುಹೋಯಿತು. ಪರದೆಯ ಮೇಲೆ ಒಂದೇ ಸಾಲು: ಎರಡನೇ ಡಿಸ್ಕ್ ಹಾಕಿ.

ಉಳಿದ ಹತ್ತರಲ್ಲಿ ಎರಡನೇ ಡಿಸ್ಕು ಇದ್ದೇ ಇರುತ್ತದೆ ಎಂದು ಅವಳು ನಂಬಿದ್ದಳು.

ಡಿಸ್ಕುಗಳು ಒಣಗಿದವು. ತೊಳೆದದ್ದಕ್ಕೋ ಏನೋ, ಹತ್ತಕ್ಕೆ ಹತ್ತೂ ಓಡಿದವು. ಕಾರು ಓಡಿಸುವುದು, ಫುಟ್‌ಬಾಲು, ಕಟ್ಟಡ ಕಟ್ಟುವುದು, ಏನೇನೋ. ಬಾತುಕೋಳಿ ಮಾತ್ರ ಇಲ್ಲ.

"ಅದು ಇಲ್ಲಿ ಎಲ್ಲಿಂದ ಬರಬೇಕು?" ಎಂದಳು ಅಜ್ಜಿ, ಟವೆಲ್ ಮಡಿಸುತ್ತಾ. "ಅದು ನಿಮ್ಮತ್ತೆ ಹತ್ರ ಇದೆ."

"ಅತ್ತೆ ಹತ್ರ ಯಾಕಿದೆ?"

"ಕೆಲಸ ಸಿಕ್ಕಿ ಬೇರೆ ಊರಿಗೆ ಹೊರಟಿದ್ದಳಲ್ಲ, ಆವತ್ತು ಬೆಳಗ್ಗೆ ಅಣ್ಣ ತಂಗಿ ಸೇರಿ ನಿನ್ನ ಬಾತುಕೋಳೀನ ಆ ಬಾಗಿಲ ತನಕ ತಂದ್ರು. ಬಾಗಿಲು ತೆಗೆಯೋ ಹೊತ್ತಿಗೆ ಕೈಯಲ್ಲಿ ರಿಮೋಟು ಯಾರದ್ದಿರಬೇಕು ಅಂತ ಶುರುವಾಯ್ತು ನೋಡು! ಕತ್ತೆಗಾದಷ್ಟು ವಯಸ್ಸಾಗಿತ್ತು ಇಬ್ಬರಿಗೂ. ನನಗೆ ರೇಗಿಹೋಯ್ತು. ಎರಡು ತಟ್ಟೆ, ಎರಡು ಮಕ್ಕಳು. ಇವನಿಗೊಂದು, ಅವಳಿಗೊಂದು. ನ್ಯಾಯ ಅಂದ್ರೆ ನ್ಯಾಯ."

ಬಟಾಣಿ ಬಾಯಿ ತೆರೆದುಕೊಂಡು ನೋಡಿದಳು. "ಅಜ್ಜೀ, ಒಂದು ಜೊತೆ ಚಪ್ಪಲೀನ ಒಬ್ಬೊಬ್ಬರಿಗೆ ಒಂದೊಂದು ಕೊಟ್ಟ ಹಾಗಾಯ್ತಲ್ಲ!"

ಅಜ್ಜಿ ಆಗಲೇ ಒಣಗಿದ್ದ ಟವೆಲನ್ನು ಇನ್ನೊಮ್ಮೆ ಹಿಂಡಿದಳು.

ಇದಾಗಿ ಹದಿನೆಂಟು ವರ್ಷ. ಆ ಜಗಳದ ಮೇಲೆ ಇನ್ನೊಂದು, ಅದರ ಮೇಲೆ ಮತ್ತೊಂದು, ಕುರ್ಚಿಯ ಮೇಲೆ ಬಟ್ಟೆ ಬೀಳುವ ಹಾಗೆ ಬಿದ್ದೂ ಬಿದ್ದೂ ಈಗ ಕುರ್ಚಿಯೇ ಕಾಣದಂತಾಗಿತ್ತು. ಅಪ್ಪ ಅತ್ತೆಗೆ ಫೋನ್ ಮಾಡಿದರೆ ಎರಡನೇ ನಿಮಿಷಕ್ಕೆ ಇಬ್ಬರಲ್ಲಿ ಒಬ್ಬರು ಇಟ್ಟುಬಿಡುತ್ತಿದ್ದರು. ಅಜ್ಜಿ ವಾರಕ್ಕೊಮ್ಮೆ ಮಗಳ ಜೊತೆ ಗಂಟೆಗಟ್ಟಲೆ ಮಾತಾಡುತ್ತಿದ್ದಳು, ಆದರೆ ಅಲ್ಲಿಂದ ಇಲ್ಲಿಗೆ ಒಂದು ಮಾತನ್ನೂ ದಾಟಿಸುತ್ತಿರಲಿಲ್ಲ. "ನಾನೇನು ಪೋಸ್ಟ್‌ಮ್ಯಾನಾ?" ಎನ್ನುತ್ತಿದ್ದಳು.

ಬಟಾಣಿಗೆ ಇನ್ನೊಂದು ಆಸೆ ಇತ್ತು. ಅಪ್ಪ ಯಾವತ್ತಾದರೂ ಎರಡನೇ ಡಿಸ್ಕನ್ನು ಕಂಪ್ಯೂಟರಿಗೆ ಕಾಪಿ ಮಾಡಿ ಮರೆತಿದ್ದರೆ? ಎಮ್ಯುಲೇಟರು ಕೇಳಿತು: ಆಟಗಳು ಯಾವ ಫೋಲ್ಡರಿನಲ್ಲಿವೆ? ಅವಳು ಇಡೀ ಕಂಪ್ಯೂಟರನ್ನೇ ತೋರಿಸಿದಳು. ಯಾವ ಬಗೆಯ ಫೈಲುಗಳು? ಎಲ್ಲವೂ, ಎಂದು ಟಿಕ್ ಮಾಡಿದಳು.

ಎಮ್ಯುಲೇಟರು ಹತ್ತು ನಿಮಿಷ ಗಿರಗಿರ ತಿರುಗಿತು. ಆಮೇಲೆ ಹೆಮ್ಮೆಯಿಂದ ಹೇಳಿತು: ನಿಮ್ಮ ಲೈಬ್ರರಿಯಲ್ಲಿ 346 ಆಟಗಳಿವೆ.

"ಅಜ್ಜೀ, ಬಾ ಇಲ್ಲಿ!"

ಮೊದಲನೇ ಆಟದ ಹೆಸರು 'ವಾಷಿಂಗ್ ಮೆಷಿನ್ ಗ್ಯಾರಂಟಿ'. ಎಮ್ಯುಲೇಟರು ಎಲ್ಲಿಂದಲೋ ಹುಡುಕಿ ಅದಕ್ಕೊಂದು ಮುಖಚಿತ್ರವನ್ನೂ, ಐದಕ್ಕೆ ಇಷ್ಟು ಎಂದು ಸ್ಟಾರುಗಳನ್ನೂ ಅಂಟಿಸಿತ್ತು: ಸುಂಟರಗಾಳಿಯಲ್ಲಿ ಹಡಗು. ಎರಡನೆಯದು 'ಐದನೇ ಮಹಡಿ ಲಿಫ್ಟ್ ದೂರು'. ಅಪ್ಪ ಲಿಫ್ಟ್ ಮೆಕ್ಯಾನಿಕ್, ಅದು ಅವನ ಕೆಲಸದ ಕಾಗದ. ಅದಕ್ಕೆ ರಾಕೆಟ್ಟಿನ ಚಿತ್ರ. ಮೂರನೆಯದು 'ಅಮ್ಮನ ಹಲ್ಲಿನ ಎಕ್ಸ್‌ರೇ'. ಅಪ್ಪನ ಅಮ್ಮ ಅಂದರೆ ಅಜ್ಜಿಯೇ. ಅದಕ್ಕೆ ಇಬ್ಬರು ಬಾಕ್ಸಿಂಗ್ ಪೈಲ್ವಾನರು.

ಅಜ್ಜಿ ಕನ್ನಡಕ ಏರಿಸಿದಳು. "ನನ್ನ ಹಲ್ಲಿಗೆ ಎಷ್ಟು ಸ್ಟಾರು ಕೊಟ್ಟಿದೆ?"

"ನಾಲ್ಕೂವರೆ."

"ಅರ್ಧ ಯಾಕೆ ಕಡಿಮೆ?"

"ಮುಂದಿನ ಹಲ್ಲು ಇಲ್ವಲ್ಲ ಅಜ್ಜಿ, ಅದಕ್ಕೆ."

"ಅದು ಬೀಳೋಕೆ ಮುಂಚೆ ತೆಗೆದ ಫೋಟೋ ಕಣೇ! ಹೇಳು ಆ ಎಮ್ಮುಲೇಟರಿಗೆ!"

ಬಟಾಣಿ ನಕ್ಕು ನಕ್ಕು ಕುರ್ಚಿಯಿಂದ ಜಾರಿದಳು. ಒಂದೊಂದೇ ಸಾಲು ಕೆಳಗೆ ಹೋದಳು. ಎರಡನೇ ಡಿಸ್ಕು ಎಲ್ಲಿಯೂ ಇರಲಿಲ್ಲ. ಆದರೆ ಪಟ್ಟಿಯ ಕೊನೆಯಲ್ಲಿ ಒಂದು ವಿಚಿತ್ರ ಆಟವಿತ್ತು.

ಅದರ ಹೆಸರು 'ತಂಗಿಗೆ ಪತ್ರ'. ಹೆಸರು ಒಂದೇ, ಸಂಖ್ಯೆ ಬೇರೆ ಬೇರೆ ಇದ್ದುದರಿಂದ ಎಮ್ಯುಲೇಟರು ಎಲ್ಲವನ್ನೂ ಒಟ್ಟು ಸೇರಿಸಿ 'ಹದಿನೇಳು ಡಿಸ್ಕಿನ ಆಟ' ಎಂದು ಬರೆದಿತ್ತು. ಮುಖಚಿತ್ರ: ಹೆಲ್ಮೆಟ್ ಹಾಕಿಕೊಂಡು ಮೋಟಾರ್‌ಸೈಕಲ್ ಓಡಿಸುತ್ತಿರುವ ಮೇಕೆ. ಆಡಿದ ಸಮಯ: ಸೊನ್ನೆ.

ಬಟಾಣಿಯ ನಗು ನಿಂತಿತು.

ಬೇರೆಯವರ ಪತ್ರ ಓದಬಾರದು ಎಂದು ಅವಳಿಗೆ ಗೊತ್ತಿತ್ತು. ಆದರೆ ಪಟ್ಟಿ ಓದಬಾರದು ಎಂದು ಯಾರೂ ಹೇಳಿರಲಿಲ್ಲ. ಪ್ರತಿ ಪತ್ರದ ಮುಂದೆ ತಾರೀಕು ಇತ್ತು, ಎಷ್ಟು ದೊಡ್ಡದು ಎಂದೂ ಇತ್ತು. ಮೊದಲನೆಯದು ಒಂಬತ್ತು ವರ್ಷ ಹಳೆಯದು, ಹದಿನಾಲ್ಕು ಪುಟ. ಎರಡನೆಯದು ಹನ್ನೊಂದು ಪುಟ. ಆರನೆಯದು ಐದು. ಹತ್ತನೆಯದು ಎರಡು. ಹದಿನಾರನೆಯದು ಅರ್ಧ ಪುಟವೂ ಇಲ್ಲ. ಹದಿನೇಳನೆಯದು ಹೋದ ತಿಂಗಳಿನದು. ಅದರಲ್ಲಿ ಇದ್ದದ್ದು ಒಂದೇ ಪದ. ಅದು ಪಟ್ಟಿಯಲ್ಲೇ ಕಾಣುತ್ತಿತ್ತು: ತಂಗೀ.

ಅಷ್ಟು ಹೊತ್ತಿಗೆ ಅಪ್ಪ ಬಂದ. ಕೈಗೆಲ್ಲ ಗ್ರೀಸು, ಹೆಗಲಿಗೂ ಕಿವಿಗೂ ನಡುವೆ ಫೋನು.

"ಸರ್, ಗಾಬರಿ ಆಗ್ಬೇಡಿ," ಎನ್ನುತ್ತಿದ್ದ ಮೆತ್ತಗೆ. "ಲಿಫ್ಟ್ ಎಲ್ಲಿಗೂ ಬೀಳಲ್ಲ. ಎಲ್ಲಾ ಬಟನ್ನೂ ಒತ್ಬೇಡಿ ಸರ್. ನೀವು ಒತ್ತಿದಷ್ಟೂ ಅದಕ್ಕೆ ತಲೆ ಕೆಡುತ್ತೆ. ಗಂಟೆ ಚಿತ್ರ ಇದೆಯಲ್ಲ, ಅದೊಂದೇ ಒಂದು. ಒತ್ತಿ, ಬಿಡಿ. ಹಾಂ. ತೆಗೀತಾ? ನೋಡಿದ್ರಾ!"

ಫೋನ್ ಇಟ್ಟು ತಿರುಗಿದವನು ಮೇಕೆಯನ್ನು ನೋಡಿದ. ಅದರ ಕೆಳಗಿನ ಹೆಸರನ್ನು ನೋಡಿದ.

"ಇದು... ಇದೇನು ಇಲ್ಲಿ?"

"ಗೇಮ್ ಲೈಬ್ರರಿ ಅಪ್ಪ. ನಾನು ಓದಿಲ್ಲ. ಆಣೆ. ಬರೀ ಪುಟ ಎಣಿಸಿದೆ."

ಅಪ್ಪ ಸ್ಟೂಲ್ ಎಳೆದು ಕೂತ. ಗ್ರೀಸಿನ ಕೈ ಎಲ್ಲಿಡುವುದೆಂದು ತಿಳಿಯದೆ ಎರಡೂ ಮೊಣಕಾಲಿನ ಮೇಲೆ ಅಂಗೈ ಮೇಲಾಗಿಸಿ ಇಟ್ಟುಕೊಂಡ.

"ಮೊದಲನೇದರಲ್ಲಿ ಹದಿನಾಲ್ಕು ಪುಟ ಏನಿತ್ತಪ್ಪ?"

"ಬಾಗಿಲು ತೆಗೆಯೋ ಸರದಿ ಯಾಕೆ ನನ್ನದು ಅಂತ."

"ಹದಿನಾಲ್ಕು ಪುಟಾನಾ?"

"ಚಿತ್ರ ಸಮೇತ," ಎಂದ ಅಪ್ಪ. ಅಜ್ಜಿ ಫಕ್ಕನೆ ನಕ್ಕಳು. ಅಪ್ಪನಿಗೂ ನಗು ಬಂತು. ಬಂದದ್ದು ಅಷ್ಟೇ ಬೇಗ ಹೋಯಿತು.

"ಆಮೇಲೆ ಓದಿದಾಗಲೆಲ್ಲ, ಇದು ಬೇಡ, ಅದು ಬೇಡ ಅಂತ ತೆಗೀತಾ ಬಂದೆ. ಕೊನೆಗೆ ಏನೂ ಉಳೀಲೇ ಇಲ್ಲ. ಬರೀ ಕರೆದು ಸುಮ್ಮನೆ ನಿಂತ ಹಾಗಾಯ್ತು. ಅದನ್ನ ಹೇಗೆ ಪೋಸ್ಟ್ ಮಾಡೋದು?"

"ಹದಿನೆಂಟು ವರ್ಷ," ಎಂದಳು ಅಜ್ಜಿ ಕಿಟಕಿಯ ಕಡೆ ನೋಡುತ್ತಾ. "ಆ ಸೂಪು ಆರಿ ತಣ್ಣಗಾಗಿ ಕಲ್ಲಾಗಿರುತ್ತೆ."

"ಅಪ್ಪಾ, ಈಗಲೇ ಬರಿ," ಬಟಾಣಿ ತನ್ನ ನೋಟ್‌ಬುಕ್ಕಿನಿಂದ ಹಾಳೆ ಹರಿದಳು. "ಎರಡನೇ ಡಿಸ್ಕ್ ಕಳಿಸು ಅಂತ ಬರಿ. ಪ್ಲೀಸ್ ಅಂತಾನೂ ಬರಿ."

"ಅವಳು ಕಳಿಸಲ್ಲ ಮಗಾ. ನಾನಾಗಿದ್ರೂ ಕಳಿಸ್ತಿರಲಿಲ್ಲ. ಕಳಿಸಿದ್ರೆ ಅವಳ ಹತ್ರ ಏನುಳಿಯುತ್ತೆ?"

"ಹೇಗೂ ಅವರು ಆಡ್ತಿರಬೇಕಲ್ಲ ಅದನ್ನ? ಕಾಪಿ ಮಾಡ್ಕೊಂಡು ಕಳಿಸ್ಲಿ."

"ಆಡೋಕಾಗಲ್ಲ. ಎರಡನೇದು ತಾನಾಗೇ ಶುರುವಾಗಲ್ಲ. ಮೊದಲು ಒಂದನೇ ಡಿಸ್ಕ್ ಹಾಕಿ ಅನ್ನುತ್ತೆ."

ಬಟಾಣಿ ಪರದೆಯ ಕಡೆ ತಿರುಗಿದಳು.

ಅದರ ಮೂಲೆಯಲ್ಲಿ, ಅವಳು ಮುಚ್ಚದೆ ಬಿಟ್ಟಿದ್ದ ಆಟದಲ್ಲಿ, ಬಾತುಕೋಳಿ ಬಾಗಿಲ ಮುಂದೆ ನಿಂತು ರೆಕ್ಕೆ ಕೆರೆದುಕೊಳ್ಳುತ್ತಿತ್ತು. ತನ್ನ ಬಾತುಕೋಳಿ ಮೊಸಳೆ ದಾಟಿತ್ತು, ಬಿರುಗಾಳಿ ದಾಟಿತ್ತು, ಕಪ್ಪೆಗಳಿಗೆ ಪಾತ್ರೆಯಿಂದ ಹೊಡೆದಿತ್ತು. ಅತ್ತೆಯ ಬಾತುಕೋಳಿ? ಅದು ಒಂದು ಹೆಜ್ಜೆಯನ್ನೂ ಇಟ್ಟಿರಲಿಲ್ಲ. ಬಾಗಿಲ ಹಿಂದಿನದೆಲ್ಲ ಅತ್ತೆಯ ಹತ್ತಿರವೇ ಇದ್ದರೂ ಅತ್ತೆಗೆ ಬಾಗಿಲೇ ಸಿಕ್ಕಿರಲಿಲ್ಲ.

ಅವಳು ಎದ್ದು ಶೂ ಡಬ್ಬಿ ತಂದಳು. ಬಾತುಕೋಳಿಯ ಡಿಸ್ಕನ್ನು ಎತ್ತಿ ಅಪ್ಪನ ಮುಂದೆ ಹಿಡಿದಳು.

"ನಾವು ಕಳಿಸೋಣ ಅಪ್ಪ. ನಮ್ಮದನ್ನ."

"ಇದನ್ನಾ?" ಅಪ್ಪ ಕೈ ಚಾಚಿದವನು, ಗ್ರೀಸು ನೆನಪಾಗಿ ಹಿಂದೆ ಎಳೆದುಕೊಂಡ. "ಆಮೇಲೆ ನಿನಗೆ?"

"ಆಡೋಕೆ ಮುಂಚೆನೇ ಕಾಪಿ ಮಾಡ್ಕೊಂಡಿದ್ದೀನಿ, ಲೈಬ್ರರೀಲಿದೆ. ನನಗೆ ಬಾಗಿಲ ತನಕ ಸಾಕು."

ಸಾಕಾಗಿರಲಿಲ್ಲ. ಆದರೂ ಹೇಳಿದಳು.

ಅಪ್ಪ ಎದ್ದು ಕೈ ತೊಳೆದ. ಎರಡು ಸಲ ಸೋಪು ಹಚ್ಚಿ ತೊಳೆದ. ಬಂದು ಪೆನ್ಸಿಲ್ ಹಿಡಿದ. 'ತಂಗೀ' ಎಂದು ಬರೆದ. ಮತ್ತೆ ಅಲ್ಲೇ ನಿಂತ. ಪೆನ್ಸಿಲ್ಲಿನ ತುದಿ ಕಚ್ಚಿದ, ಫ್ಯಾನ್ ನೋಡಿದ, ಮೇಕೆಯನ್ನು ನೋಡಿದ. ಹಣೆಯ ಮೇಲೆ ಬೆವರು.

ಬಟಾಣಿ ಅವನ ಕಿವಿಯ ಹತ್ತಿರ ಬಂದು ಮೆತ್ತಗೆ ಹೇಳಿದಳು. "ಸರ್, ಗಾಬರಿ ಆಗ್ಬೇಡಿ. ಎಲ್ಲಾ ಬಟನ್ನೂ ಒತ್ಬೇಡಿ. ಒಂದೇ ಒಂದು."

ಅಪ್ಪ ಅವಳನ್ನು ನೋಡಿದ. ಆಮೇಲೆ ಬಗ್ಗಿ ಬರೆದ. ಬರೆದದ್ದನ್ನು ತಾನಾಗಿಯೇ ಅವಳಿಗೆ ತೋರಿಸಿದ:

'ತಂಗೀ, ನನ್ನ ಹತ್ತಿರ ಇದ್ದ ಅರ್ಧ ಇದು. ಬಾಗಿಲು ನೀನೇ ತೆಗಿ. ಒಳಗೆ ಏನಿದೆ ಅಂತ ನನಗೂ ಹೇಳು. – ಅಣ್ಣ.'

"ಕವರು?" ಎಂದ ಅಪ್ಪ. "ಮನೇಲಿ ಕವರು ಎಲ್ಲಿದೆ?"

ಅಜ್ಜಿ ಒಳಗೆ ಹೋದಳು. ಬೀರುವಿನ ಬಾಗಿಲು ಕಿರ್ ಎಂದಿತು. ಬರುವಾಗ ಅವಳ ಕೈಯಲ್ಲಿ ಒಂದು ದಪ್ಪ ಕವರು ಇತ್ತು. ಅಂಚು ಹಳದಿಗಟ್ಟಿತ್ತು. ಅದರ ಮೇಲೆ ಅತ್ತೆಯ ವಿಳಾಸ, ಅಜ್ಜಿಯ ದುಂಡನೆಯ ಅಕ್ಷರದಲ್ಲಿ. ಮೂಲೆಯಲ್ಲಿ ಅಂಚೆಚೀಟಿಯೂ ಆಗಲೇ ಅಂಟಿತ್ತು. ಅಳತೆ ಎಷ್ಟು ಸರಿಯಾಗಿತ್ತೆಂದರೆ ಡಿಸ್ಕಿನ ಡಬ್ಬಿ ಸರಕ್ಕನೆ ಒಳಗೆ ಹೋಯಿತು.

"ಅಮ್ಮಾ," ಎಂದ ಅಪ್ಪ, "ಇದು ಯಾವಾಗಿನದು?"

"ಚೀಟಿ ಹಳೇದು. ಈಗಿನ ರೇಟಿಗೆ ಸಾಲಲ್ಲ. ಇನ್ನೆರಡು ಅಂಟಿಸು," ಎಂದಳು ಅಜ್ಜಿ.

ಮೂವರೂ ಬೀದಿಯ ತುದಿಯ ಅಂಚೆಪೆಟ್ಟಿಗೆಯವರೆಗೆ ನಡೆದರು. ಅಪ್ಪ ಕವರನ್ನು ಅರ್ಧ ಒಳಗೆ ತೂರಿಸಿದ. ಅಲ್ಲಿಗೆ ಅವನ ಕೈ ನಿಂತಿತು. ಅರ್ಧ ಒಳಗೆ, ಅರ್ಧ ಹೊರಗೆ. ಹಾದುಹೋಗುವ ಒಬ್ಬರು ನಿಂತು ನೋಡಿದರು. ಹೂಕುಂಡದಲ್ಲಿ ಬಿದ್ದಿದ್ದ ಬೆಕ್ಕು ಕೂಡ ಮೈತುಂಬ ಮಣ್ಣು ಮೆತ್ತಿಕೊಂಡು ಬಂದು ನೋಡಿತು.

ಅಜ್ಜಿ ಏನೋ ಹೇಳಲು ಬಾಯಿ ತೆರೆದಳು. ಬಟಾಣಿ ಬೇಡ ಎಂಬಂತೆ ಅಜ್ಜಿಯ ಕೈ ಅದುಮಿದಳು. ಬಾಗಿಲ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕಾಗುತ್ತದೆ, ಅದು ಈಗ ಅವಳಿಗೆ ಗೊತ್ತಿತ್ತು.

ಅಪ್ಪ ಬೆರಳು ಬಿಟ್ಟ.

ಟಪ್.

"ಬಿತ್ತಾ?" ಎಂದಳು ಅಜ್ಜಿ.

ಬಟಾಣಿ ಪೆಟ್ಟಿಗೆಗೆ ಕಿವಿಯಿಟ್ಟು ಕೇಳಿ ಹೇಳಿದಳು. "ಬಿತ್ತು ಅಜ್ಜಿ. ತಳಕ್ಕೇ ಬಿತ್ತು."